ಮಂಚದ ಕಾಲಿಗೆ ಕಟ್ಟಿದ ಪೆನ್ಸಿಲ್

ನಮ್ಮ ಮನೆಗೆ ಬಂದವರು ನನ್ನ ಮಂಚ ನೋಡಿ ನಗುತ್ತಾರೆ. ಅದರ ಕಾಲಿಗೆ ಒಂದು ಮೊಂಡು ಪೆನ್ಸಿಲನ್ನು ದಾರದಲ್ಲಿ ಕಟ್ಟಿಟ್ಟಿದ್ದೇನೆ. ದಿಂಬಿನ ಕೆಳಗೆ ಇನ್ನೂರು ಪುಟದ ನೋಟ್‌ಬುಕ್. "ಎಂತ ಮಾಷ್ಟ್ರೇ, ಮಳ್ಗಿದಲ್ಲೇ ಅಡಿಕೆ ಲೆಕ್ಕ ಬರಿತ್ರಿಯಾ?" ಎಂದು ಕೇಳಿದವರಿದ್ದಾರೆ. ಲೆಕ್ಕ ಅಲ್ಲ ಮಾರಾಯ್ರೇ, ಕನಸು ಎಂದರೆ ಒಮ್ಮೆ ಪೆನ್ಸಿಲ್ ನೋಡಿ, ಒಮ್ಮೆ ನನ್ನ ಮುಖ ನೋಡಿ, ಮಾತನ್ನು ಮಳೆಯ ಕಡೆಗೆ ತಿರುಗಿಸುತ್ತಾರೆ. ಹೆಂಡತಿ ಹೋದ ಮೇಲೆ ಮಾಷ್ಟ್ರಿಗೆ ಸ್ವಲ್ಪ ಹೀಗೆ ಎಂದು ದಾರಿಯಲ್ಲಿ ಆಡಿಕೊಂಡರೂ ನನಗೆ ಬೇಸರವಿಲ್ಲ.

ಹಾಲಾಡಿಯಲ್ಲಿ ಮಾತಿಗೆ ಮಳೆ ಯಾವಾಗಲೂ ಸಿಗುತ್ತದೆ. ಘಟ್ಟದಿಂದ ಇಳಿದು ಬರುವ ವಾರಾಹಿ ನಮ್ಮೂರನ್ನು ಹಾದು, ಗಂಗೊಳ್ಳಿಯ ಹತ್ತಿರ ಸಮುದ್ರ ಸೇರುತ್ತದೆ. ಜೂನ್ ಬಂತೆಂದರೆ ಹೆಂಚಿನ ಮಾಡಿನ ಮೇಲೆ ಇಡೀ ರಾತ್ರಿ ಸದ್ದು. ಆ ಸದ್ದಿನಲ್ಲಿ ನಿದ್ದೆ ಚೆನ್ನಾಗಿ ಬರುತ್ತದೆ, ಕನಸೂ ಚೆನ್ನಾಗಿ ಬೀಳುತ್ತದೆ ಎಂದು ನನ್ನವಳು ಹೇಳುತ್ತಿದ್ದಳು.

ಅವಳು ಮೂರನೆಯ ಕ್ಲಾಸಿನ ತನಕ ಶಾಲೆಗೆ ಹೋದವಳು. ಮದುವೆಯಾಗಿ ಬಂದ ದಿನದಿಂದ ಕೊನೆಯ ತನಕ ಬೆಳಿಗ್ಗೆ ಚಾ ಲೋಟ ನನ್ನ ಮುಂದಿಟ್ಟು, "ಹ್ವಾಯ್, ನಿನ್ನಿ ರಾತ್ರಿ ಒಂದ್ ಕನ್ಸ್ ಕಾಣಿ" ಎಂದು ಶುರು ಮಾಡುತ್ತಿದ್ದಳು. ಅವಳ ಕನಸುಗಳಿಗೆ ತಲೆಯೂ ಇಲ್ಲ, ಬುಡವೂ ಇಲ್ಲ. ನಾನು ಶಾಲೆ ಮಾಸ್ತರ. ಎಂಟೂ ಮುಕ್ಕಾಲಿಗೆ ಹೊರಡಬೇಕು. "ಸಾಕ್ ಮಾರಾಯ್ತಿ, ಹೊತ್ತಾಯ್ತ್" ಎಂದು ಎದ್ದುಬಿಡುತ್ತಿದ್ದೆ. ಅವಳಿಗೆ ಸಿಟ್ಟು ಬರುತ್ತಿರಲಿಲ್ಲ. ಉಳಿದ ಅರ್ಧ ಕನಸನ್ನು ಹಟ್ಟಿಗೆ ಹೋಗಿ ದನಕ್ಕೆ ಹೇಳುತ್ತಿದ್ದಳು.

ದನಕ್ಕೆ ಎಂದದ್ದು ತಮಾಷೆಗಲ್ಲ. ಕೆಟ್ಟ ಕನಸು ಬಿದ್ದರೆ ಅದನ್ನು ಮನುಷ್ಯರಿಗೆ ಹೇಳಬಾರದು, ದನದ ಕಿವಿಯಲ್ಲಿ ಹೇಳಿ ಬರಬೇಕು ಎಂದು ನನ್ನ ತಾಯಿ ಅವಳಿಗೆ ಕಲಿಸಿದ್ದರು. ಹಲ್ಲು ಬಿದ್ದ ಕನಸಾದರೆ ನೆಂಟರಲ್ಲಿ ಯಾರಿಗೋ ಕಷ್ಟ, ಹಾವು ಕಂಡರೆ ನಾಗನಿಗೆ ತನು ಹಾಕಿಸಬೇಕು ಎಂಬ ಲೆಕ್ಕಾಚಾರಗಳೂ ಇದ್ದವು. ನಾನು ಅವನ್ನು ನಂಬಿದವನಲ್ಲ, ಇವತ್ತೂ ನಂಬುವುದಿಲ್ಲ. ಆದರೆ ದನದ ಕಿವಿಯ ವಿಷಯದಲ್ಲಿ ಮಾತ್ರ ನನ್ನ ಅಭಿಪ್ರಾಯ ಈಚೆಗೆ ಬದಲಾಗಿದೆ. ಹೆದರಿಕೆಯನ್ನು ಹೊಟ್ಟೆಯಿಂದ ಹೊರಗೆ ಹಾಕಬೇಕು, ಕೇಳಿದವರು ಅದನ್ನು ಊರಿಗೆ ಹಂಚಬಾರದು, ಅರ್ಥ ಹೇಳಿ ಇನ್ನಷ್ಟು ಹೆದರಿಸಲೂಬಾರದು. ಈ ಕೆಲಸಕ್ಕೆ ದನಕ್ಕಿಂತ ಒಳ್ಳೆಯವರು ಯಾರು?

ಕಳೆದ ವರ್ಷ ಏಪ್ರಿಲಿನಲ್ಲಿ ಬೆಂಗಳೂರಿನಿಂದ ಮಗಳ ಮಗಳು ರಜೆಗೆ ಬಂದಳು. ಐದನೆಯ ಕ್ಲಾಸು ಮುಗಿಸಿದ್ದಳು. ರಜೆಯಲ್ಲಿ ದಿನಚರಿ ಬರೆಯಬೇಕೆಂದು ಶಾಲೆಯಲ್ಲಿ ಹೇಳಿ ಕಳಿಸಿದ್ದರಂತೆ. ಮೂರು ದಿನ ಬರೆದು ನಾಲ್ಕನೆಯ ದಿನ ಪುಸ್ತಕ ಎಸೆದಳು. "ಇಲ್ಲಿ ಏನೂ ಆಗೋದೇ ಇಲ್ಲ ಅಮ್ಮಮ್ಮ. ಎದ್ದೆ, ತಿಂದೆ, ಹೊಳೆಗೆ ಹೋದೆ, ಮಲಗಿದೆ. ದಿನಾ ಅದನ್ನೇ ಬರೀಲಾ?"

ಅಮ್ಮಮ್ಮ ಹಲಸಿನ ತೊಳೆ ಬಿಡಿಸುತ್ತ ಕೂತಿದ್ದಳು. ತಲೆ ಎತ್ತದೆ ಹೇಳಿದಳು: "ಹಗಲ್ ಎಂತದೂ ಆಗ್ಲಿಲ್ಲ ಅಂದ್ರೆ ರಾತ್ರಿದ್ ಬರಿ, ಹೆಣೆ."

ಅಲ್ಲಿಂದ ಶುರುವಾಯಿತು. ಮುಖಪುಟದ ಮೇಲೆ 'ರಾತ್ರಿಯ ದಿನಚರಿ' ಎಂದು ಹೆಸರು ಬಿತ್ತು. ಹುಡುಗಿ ಏಳುತ್ತಲೇ ಹಲ್ಲುಜ್ಜುವ ಮೊದಲೇ ತನ್ನ ಕನಸನ್ನು ಬರೆಯುವುದು, ಆಮೇಲೆ ಅಡಿಗೆಮನೆಗೆ ಹೋಗಿ ಒಲೆಯ ಮುಂದೆ ಕೂತು ಅಮ್ಮಮ್ಮನ ಕನಸನ್ನು ಕೇಳಿ ಬರೆಯುವುದು. ಅಮ್ಮಮ್ಮ ಹೇಳುವುದು ಕುಂದಾಪುರದ ಕನ್ನಡ. ಅದನ್ನು ಪುಸ್ತಕದ ಕನ್ನಡಕ್ಕೆ ತಿರುಗಿಸಲು ಮಗುವಿಗೆ ಬರುತ್ತಿರಲಿಲ್ಲ. ಹಾಗಾಗಿ ಕಿವಿಗೆ ಬಿದ್ದದ್ದನ್ನು ಬಿದ್ದ ಹಾಗೆಯೇ ಬರೆದುಕೊಂಡಳು.

"ಹೊಳಿ ನೀರ್ ಜಗ್ಲಿ ತನ್ಕ ಬಂದಿತ್ತ್. ನೀರಂಗೆ ಹಲ್ಸಿನ್ ಹಣ್ಣ್ ತೇಲ್ಕಂಡ್ ಬತ್ತಾ ಇತ್ತ್. ನಾನ್ ಒಂದೊಂದೇ ಹಿಡ್ದ್ ಒಳ್ಗ್ ಇಡ್ತಾ ಇದ್ದೆ. ಹೆದ್ರಿಕಿ ಆಯ್ಲಿಲ್ಲ. ಇಷ್ಟ್ ಹಣ್ಣಿಗೆ ಎಣ್ಣಿ ಎಲ್ಲಿಂದ ತಪ್ಪುದ್ ಅಂದೇಳಿ ಯೋಚ್ನಿ ಆಯ್ತ್."

ಇದು ಮೇ ತಿಂಗಳ ಎರಡನೆಯ ವಾರದ್ದು. ಇನ್ನೊಂದರಲ್ಲಿ, ತೀರಿಹೋಗಿ ಮೂವತ್ತು ವರ್ಷವಾದ ಅವಳ ತಾಯಿ ಅಂಗಳದಲ್ಲಿ ಭತ್ತ ಬೇಯಿಸುತ್ತ, ಬೆಂಕಿ ನೋಡಿಕೋ ಎಂದು ಕರೆಯುತ್ತಾಳೆ. ಮತ್ತೊಂದರಲ್ಲಿ, ಹಾಲಾಡಿ ಮೇಳದ ಆಟ ನಡೆಯುತ್ತಿರುವಾಗ ಕಿರೀಟ ಕಟ್ಟಿದ ವೇಷವೊಂದು ರಂಗಸ್ಥಳ ಬಿಟ್ಟು ನೇರ ನಮ್ಮ ಅಡಿಗೆಮನೆಗೆ ಬಂದು ಚಾ ಕೇಳುತ್ತದೆ. ಬಾಗಿಲಿಗೆ ಕಿರೀಟ ತಾಗುತ್ತದೆಂದು ಅವಳಿಗೆ ಚಿಂತೆ. ಒಟ್ಟು ಮೂವತ್ತೆಂಟು ಕನಸು ಆ ಪುಸ್ತಕದಲ್ಲಿವೆ. ಹದಿನಾಲ್ಕು ನನ್ನವಳದ್ದು.

ಈಗ ನಾನು ಮಾಡಿದ ಕೆಲಸವನ್ನು ಹೇಳಬೇಕು. ಒಂದು ಮಧ್ಯಾಹ್ನ ಅವರಿಬ್ಬರೂ ಮಲಗಿದ್ದಾಗ ಪುಸ್ತಕ ಕೈಗೆ ಸಿಕ್ಕಿತು. ನಿವೃತ್ತನಾಗಿ ವರ್ಷ ಹನ್ನೊಂದಾದರೂ ಕಿಸೆಯಲ್ಲಿ ಕೆಂಪು ಪೆನ್ನು ಇತ್ತು. 'ಹಣ್ಣ್' ಎಂಬುದನ್ನು 'ಹಣ್ಣು' ಮಾಡಿದೆ. 'ಬತ್ತಾ ಇತ್ತ್' ಹೊಡೆದುಹಾಕಿ 'ಬರುತ್ತಿತ್ತು' ಎಂದು ಬರೆದೆ. 'ಜಗ್ಲಿ', 'ಎಣ್ಣಿ', 'ತಪ್ಪುದ್' ಎಲ್ಲಕ್ಕೂ ಕೆಂಪು ಗೆರೆ. ಕೊನೆಯ ಪುಟದಲ್ಲಿ 'ಕಾಗುಣಿತ ಗಮನಿಸು' ಎಂದು ಬರೆದು ಸಹಿಯನ್ನೂ ಹಾಕಿದೆ. ಮಗುವಿಗೆ ಉಪಕಾರ ಮಾಡಿದೆ ಎಂದೇ ತಿಳಿದಿದ್ದೆ. ಮರುದಿನದಿಂದ ಅವಳು ಪುಸ್ತಕವನ್ನು ಅಕ್ಕಿ ಡಬ್ಬಿಯ ಹಿಂದೆ ಇಡತೊಡಗಿದ್ದು ನನ್ನ ಗಮನಕ್ಕೆ ಬರಲೇ ಇಲ್ಲ.

ಮೇ ಕೊನೆಗೆ ಅವಳು ಬೆಂಗಳೂರಿಗೆ ಹೋದಳು. ಜುಲೈಯಲ್ಲಿ, ಆಸಾಡಿಯ ಮಳೆಯಲ್ಲಿ, ಅಮ್ಮಮ್ಮ ಹೋದಳು. ಎರಡೇ ದಿನದ ಜ್ವರ. ಅದರ ಬಗ್ಗೆ ಹೆಚ್ಚು ಬರೆಯಲು ನನಗೆ ಆಗುವುದಿಲ್ಲ.

ಮನೆ ಖಾಲಿಯಾದ ಮೇಲೆ ಬೆಳಿಗ್ಗೆ ನಾನೇ ಚಾ ಮಾಡಿಕೊಂಡು ಜಗಲಿಯಲ್ಲಿ ಕೂರುತ್ತಿದ್ದೆ. ಎಂಟೂ ಮುಕ್ಕಾಲಾದರೂ ಎಲ್ಲಿಗೂ ಹೋಗುವುದಿಲ್ಲ. ಅವಳು ಹೇಳಿದ ಕನಸುಗಳಲ್ಲಿ ಒಂದನ್ನಾದರೂ ಪೂರ್ತಿ ನೆನಪಿಸಿಕೊಳ್ಳಲು ನೋಡಿದೆ. ನಲವತ್ತು ವರ್ಷಕ್ಕೂ ಹೆಚ್ಚು ಕಾಲ ದಿನವೂ ಕೇಳಿದ್ದೇನೆ, ಒಂದೂ ಇಲ್ಲ. ಒಂದರಲ್ಲಿ ಬಾವಿ ಇತ್ತು, ಒಂದರಲ್ಲಿ ಮದುವೆ ಇತ್ತು, ಅಷ್ಟೇ. ಆಗ ಪುಸ್ತಕದ ನೆನಪಾಯಿತು. ಅಕ್ಕಿ ಡಬ್ಬಿಯ ಹಿಂದೆ ಅದು ಹಾಗೆಯೇ ಇತ್ತು. ತೆರೆದು ನೋಡಿದರೆ ಅವಳ ಮಾತಿನ ಮೇಲೆಲ್ಲ ನನ್ನ ಕೆಂಪು ಗೆರೆ. ಕನ್ನಡಕ ಹಾಕಿಕೊಂಡು, ಗೆರೆಯ ಕೆಳಗಿನ ಪೆನ್ಸಿಲ್ ಅಕ್ಷರಗಳನ್ನು ಒಂದೊಂದಾಗಿ ಬಿಡಿಸಿ ಓದಿದೆ. 'ಎಣ್ಣಿ ಎಲ್ಲಿಂದ ತಪ್ಪುದ್'. ಹಾಗೆ ಹೇಳುವುದು ಅವಳೇ.

ನಮ್ಮ ಜಿಲ್ಲೆಯವರಿಗೆ ಕನಸು ಎಂದರೆ ಮೊದಲು ನೆನಪಾಗುವುದು ಕೋಟದ ಶಿವರಾಮ ಕಾರಂತರ 'ಮೂಕಜ್ಜಿಯ ಕನಸುಗಳು'. 1968ರ ಕಾದಂಬರಿ, 1977ರಲ್ಲಿ ಜ್ಞಾನಪೀಠ ಬಂತು. ನಾನು ಅದನ್ನು ಮೂರು ಸಲ ಓದಿದ್ದೇನೆ. ಏನನ್ನಾದರೂ ಮುಟ್ಟಿದರೆ ಅದರ ಹಿಂದಿನ ಕಾಲ ಕಣ್ಣಿಗೆ ಕಟ್ಟುವ ಅಜ್ಜಿಯ ಬಗ್ಗೆ ಎಲ್ಲರೂ ಮಾತಾಡುತ್ತಾರೆ, ನಾನೂ ಹಾಗೆಯೇ ಮಾತಾಡಿದ್ದೆ. ಈ ಸಲ ಓದುವಾಗ ಕಣ್ಣಿಗೆ ಬಿದ್ದದ್ದು ಮೊಮ್ಮಗ ಸುಬ್ಬರಾಯ. ಅಜ್ಜಿ ಹೇಳುತ್ತಾಳೆ ನಿಜ. ಆದರೆ ಅವನು ಕೂತು ಕೇಳುತ್ತಾನಲ್ಲ! ಕೇಳುವವನಿಲ್ಲದಿದ್ದರೆ ಆ ಅಜ್ಜಿ ಊರಿನವರು ಇಟ್ಟ ಹೆಸರಿಗೆ ಸರಿಯಾಗಿ ಮೂಕಿಯಾಗಿಯೇ ಇರುತ್ತಿದ್ದಳು.

ಯಕ್ಷಗಾನದ 'ಉಷಾ ಪರಿಣಯ'ದಲ್ಲಿಯೂ ಅಷ್ಟೇ. ಬಾಣಾಸುರನ ಮಗಳು ಉಷೆ ಕನಸಿನಲ್ಲಿ ಒಬ್ಬನನ್ನು ಕಂಡು ಮರುಳಾಗುತ್ತಾಳೆ. ಹೆಸರು ಗೊತ್ತಿಲ್ಲ, ಊರು ಗೊತ್ತಿಲ್ಲ. ಗೆಳತಿ ಚಿತ್ರಲೇಖೆ ಅವಳನ್ನು ಗೇಲಿ ಮಾಡದೆ, ರಾಜಕುಮಾರರ ಚಿತ್ರಗಳನ್ನು ಒಂದೊಂದಾಗಿ ಬರೆದು ತೋರಿಸುತ್ತಾಳೆ. ಕೃಷ್ಣನ ಮೊಮ್ಮಗ ಅನಿರುದ್ಧನ ಚಿತ್ರ ಬಂದಾಗ ಉಷೆಗೆ ಗುರುತು ಸಿಗುತ್ತದೆ. ಆಟದಲ್ಲಿ ಚಪ್ಪಾಳೆಯೆಲ್ಲ ಬಾಣಾಸುರನಿಗೆ. ನನ್ನನ್ನು ಕೇಳಿದರೆ ಅರ್ಧ ಚಪ್ಪಾಳೆ ಚಿತ್ರಲೇಖೆಗೆ ಸಲ್ಲಬೇಕು.

ದಸರಾ ರಜೆಗೆ ಮೊಮ್ಮಗಳು ಬಂದಳು. ರಾತ್ರಿ ಒಬ್ಬಳೇ ಮಲಗುವುದಿಲ್ಲ. ಎರಡು ಗಂಟೆಗೋ ಮೂರು ಗಂಟೆಗೋ ಬೆವತು ಎದ್ದು ಕೂರುತ್ತಾಳೆ. ಏನು ಕನಸು ಎಂದರೆ ಬಾಯಿ ಬಿಡುವುದಿಲ್ಲ. ಬೆಂಗಳೂರಿನಲ್ಲಿಯೂ ಹೀಗೇ ಎಂದು ಮಗಳು ಹೇಳಿದಳು. ನಾನು 'ರಾತ್ರಿಯ ದಿನಚರಿ' ತಂದು ಮುಂದಿಟ್ಟೆ. "ಹೇಳಬೇಡ. ಬರಿ" ಎಂದೆ.

"ಬರೆಯಲ್ಲ. ನೀವು ತಿದ್ದುತ್ತೀರಿ."

ಮೂವತ್ತಾರು ವರ್ಷ ಪಾಠ ಹೇಳಿದವನಿಗೆ ಹನ್ನೊಂದು ವರ್ಷದ ಹುಡುಗಿ ಹೇಳಿದ ಆ ಮಾತಿಗೆ ಉತ್ತರ ಸಿಗಲಿಲ್ಲ. ಮರುದಿನ ಪೇಟೆಗೆ ಹೋಗಿ ಹೊಸ ನೋಟ್‌ಬುಕ್ ತಂದೆ. ನನ್ನ ಕೆಂಪು ಪೆನ್ನನ್ನು ಅವಳ ಕೈಗೆ ಕೊಟ್ಟೆ. ನಾನು ನನ್ನ ಕನಸು ಬರೆಯುತ್ತೇನೆ, ನೀನು ತಿದ್ದು ಎಂದೆ. ಅವಳ ಮುಖದಲ್ಲಿ ಸಣ್ಣ ನಗೆ ಕಂಡಿತು.

ಬರೆಯಲು ಕೂತರೆ ಕನಸೇ ಇಲ್ಲ! ಆರು ದಿನ 'ನೆನಪಿಲ್ಲ' ಎಂದೇ ಬರೆದೆ. ಆರನೆಯ ದಿನ ಅವಳು 'ಹೋಂವರ್ಕ್ ಮಾಡಿಲ್ಲ' ಎಂದು ಷರಾ ಹಾಕಿದಳು. ಆಗ ಹಳೆಯ ವಿಜ್ಞಾನದ ಪುಸ್ತಕಗಳನ್ನು ಹುಡುಕಿ ಇಬ್ಬರೂ ಓದಿದೆವು. ಕನಸು ಬೀಳದವರು ಬಹಳ ಕಡಿಮೆ, ನೆನಪಿಡದವರೇ ಜಾಸ್ತಿ. ನಿದ್ದೆ ಒಂದೇ ಸಮನಾಗಿ ಇರುವುದಿಲ್ಲ. ಸುಮಾರು ತೊಂಬತ್ತು ನಿಮಿಷಕ್ಕೊಂದು ಸುತ್ತು. ಪ್ರತಿ ಸುತ್ತಿನ ಕೊನೆಯಲ್ಲಿ, ಮುಚ್ಚಿದ ರೆಪ್ಪೆಯ ಕೆಳಗೆ ಕಣ್ಣುಗುಡ್ಡೆಗಳು ಸರಸರ ಓಡಾಡುವ ಒಂದು ಹಂತ ಬರುತ್ತದೆ. ಆಗ ಎಬ್ಬಿಸಿದರೆ ಹೆಚ್ಚಿನವರು ಕನಸು ಹೇಳುತ್ತಾರೆ. ಷಿಕಾಗೊ ವಿಶ್ವವಿದ್ಯಾಲಯದ ಯೂಜಿನ್ ಅಸೆರಿನ್‌ಸ್ಕಿ ಮತ್ತು ನಥಾನಿಯಲ್ ಕ್ಲೈಟ್‌ಮನ್ ಇದನ್ನು 1953ರಲ್ಲಿ ಪ್ರಕಟಿಸಿದರು. ಅಸೆರಿನ್‌ಸ್ಕಿ ತನ್ನ ಎಂಟು ವರ್ಷದ ಮಗನಿಗೇ ತಂತಿ ಅಂಟಿಸಿ ಮಲಗಿಸಿ ಪರೀಕ್ಷೆ ಮಾಡಿದ್ದನೆಂದು ಓದಿದಾಗ ಮೊಮ್ಮಗಳು ನನ್ನನ್ನು ಸಂಶಯದಿಂದ ನೋಡಿದಳು.

ಆ ಹಂತ ರಾತ್ರಿಯ ಮೊದಲಲ್ಲಿ ಚಿಕ್ಕದು, ಬೆಳಗಾಗುತ್ತ ಬಂದಂತೆ ಉದ್ದವಾಗುತ್ತದೆ. ಹಾಗಾಗಿಯೇ ನಮಗೆ ನೆನಪಿರುವುದು ಹೆಚ್ಚಾಗಿ ಬೆಳಗಿನ ಜಾವದ ಕನಸು. ಬೆಳಗಿನ ಜಾವದ ಕನಸು ನಿಜವಾಗುತ್ತದೆ ಎಂಬ ಹಿರಿಯರ ಮಾತಿನ ಗುಟ್ಟೂ ಇದೇ ಇರಬೇಕು. ನಿಜವಾಯಿತೇ ಎಂದು ನೋಡಬೇಕಾದರೆ ಮೊದಲು ಅದು ನೆನಪಿರಬೇಕಲ್ಲ! ಇನ್ನೊಂದು ಸಂಗತಿ: ಆ ಹೊತ್ತಿನಲ್ಲಿ ದೇಹ ತನ್ನ ಕೈಕಾಲುಗಳ ಸ್ನಾಯುಗಳನ್ನು ತಾನೇ ಕಟ್ಟಿಹಾಕಿಕೊಳ್ಳುತ್ತದೆ. ಇಲ್ಲವಾದರೆ ಕನಸಿನಲ್ಲಿ ಓಡಲು ಹೊರಟವರು ನಿಜವಾಗಿಯೂ ಎದ್ದು ಓಡಿ ಬಾವಿಗೆ ಬಿದ್ದಾರು. ಇದನ್ನು ಓದುವಾಗ ಹುಡುಗಿ ಒಮ್ಮೆ ನಿಲ್ಲಿಸಿ, "ಅದಕ್ಕೇ ಕಾಲು ಏಳಲ್ವಾ?" ಎಂದು ಕೇಳಿದಳು. ಯಾಕೆ ಕೇಳಿದಳೆಂದು ನನಗೆ ಆಗ ತಿಳಿಯಲಿಲ್ಲ.

ಪೆನ್ಸಿಲ್ ಕಟ್ಟುವ ಬುದ್ಧಿ ಬಂದದ್ದು ಒಟ್ಟೊ ಲೋವಿ ಎಂಬ ವಿಜ್ಞಾನಿಯ ಕಥೆಯಿಂದ. ಸುಮಾರು ನೂರು ವರ್ಷಗಳ ಹಿಂದೆ ಆಸ್ಟ್ರಿಯಾದ ಗ್ರಾಜ್ ನಗರದಲ್ಲಿ ಆತನಿಗೆ ಕನಸಿನಲ್ಲಿ ಒಂದು ಪ್ರಯೋಗ ಹೊಳೆಯಿತು. ಅರೆನಿದ್ದೆಯಲ್ಲಿ ಎದ್ದು ಕಾಗದದ ಚೂರಿನ ಮೇಲೆ ಗೀಚಿಟ್ಟು ಮಲಗಿದ. ಬೆಳಿಗ್ಗೆ ನೋಡಿದರೆ ತನ್ನ ಅಕ್ಷರ ತನಗೇ ಓದಲು ಬರುವುದಿಲ್ಲ! ಇಡೀ ದಿನ ತಲೆ ಕೆರೆದುಕೊಂಡ. ಪುಣ್ಯಕ್ಕೆ ಮರುರಾತ್ರಿ ಅದೇ ಯೋಚನೆ ಮತ್ತೆ ಬಂತು. ಈ ಸಲ ಗೀಚಲು ಹೋಗದೆ ಎದ್ದು ಪ್ರಯೋಗಾಲಯಕ್ಕೇ ನಡೆದ. ಎರಡು ಕಪ್ಪೆಗಳ ಹೃದಯ ಇಟ್ಟುಕೊಂಡು, ನರಗಳು ರಾಸಾಯನಿಕದ ಮೂಲಕ ಸಂದೇಶ ಕಳಿಸುತ್ತವೆಂದು ತೋರಿಸಿದ. 1936ರಲ್ಲಿ ನೊಬೆಲ್ ಬಹುಮಾನವೂ ಬಂತು. ನನ್ನ ಮೊಮ್ಮಗಳು ಇದರಿಂದ ಕಲಿತ ಪಾಠ: ಅಜ್ಜಯ್ಯನ ಅಕ್ಷರ ದುಂಡಗಿದ್ದರೆ ನೊಬೆಲ್ ಬೇಗ ಬರುತ್ತದೆ.

ಹೀಗೆ ನೆನಪಿಟ್ಟುಕೊಳ್ಳುವ ಉಪಾಯ ನಮಗೆ ಕೈಗೂಡಿತು. ಎಚ್ಚರವಾದರೂ ಕಣ್ಣು ತೆರೆಯಬಾರದು, ಮಗ್ಗುಲು ಬದಲಿಸಬಾರದು, ಮೊಬೈಲ್ ಮುಟ್ಟಲೇಬಾರದು. ಕನಸಿನ ಬಾಲ ಮಾತ್ರ ಕೈಯಲ್ಲಿರುತ್ತದೆ, ಅದನ್ನು ಹಿಡಿದು ಹಿಂದಕ್ಕೆ ಹೋಗಬೇಕು. ಆಮೇಲೆ ತಡಕಾಡದೆ ಪೆನ್ಸಿಲ್ ಸಿಗಬೇಕು. ಅದಕ್ಕೇ ದಾರ. ಏಳನೆಯ ದಿನ ನನಗೆ ಮೊದಲ ಕನಸು ಸಿಕ್ಕಿತು: ಪರೀಕ್ಷೆಯ ಉತ್ತರ ಪತ್ರಿಕೆಗಳ ಕಟ್ಟು ತಿದ್ದಿಲ್ಲ, ಗಂಟೆ ಹೊಡೆದಿದೆ, ನಾನು ಅಂಗಿ ಹಾಕದೆ ಶಾಲೆಯ ಮೆಟ್ಟಿಲಲ್ಲಿ ನಿಂತಿದ್ದೇನೆ. ಹುಡುಗಿ ಹೊಟ್ಟೆ ಹಿಡಿದುಕೊಂಡು ನಕ್ಕಳು. ಆಮೇಲೆ ಗಂಭೀರಳಾಗಿ ಕೆಂಪು ಪೆನ್ನಿನಲ್ಲಿ ಬರೆದಳು: 'ಹೆದರಿಕೆ ಆಯ್ತೋ ನಾಚಿಕೆ ಆಯ್ತೋ ಬರೆದಿಲ್ಲ. 10ಕ್ಕೆ 4.'

ಮರುದಿನ ಬೆಳಿಗ್ಗೆ ನನ್ನ ಪುಸ್ತಕದಲ್ಲಿಯೇ, ನನ್ನ ಬರಹದ ಕೆಳಗೆ, ಅವಳ ಅಕ್ಷರ ಇತ್ತು.

ಹಾಲಾಡಿ ಪೇಟೆಯಿಂದ ಬಸ್ಸು ಹೊರಟಿದೆ. ಅವಳು ಕೊನೆಯ ಸೀಟಿನ ಕಿಟಕಿಯಲ್ಲಿದ್ದಾಳೆ. ಹಿಂದೆ ಮಳೆಯಲ್ಲಿ ಅಮ್ಮಮ್ಮ ಕೈಯಲ್ಲಿ ಒಂದು ಗಂಟು ಹಿಡಿದು ಓಡಿ ಬರುತ್ತಿದ್ದಾಳೆ. ನಿಲ್ಲಿಸಿ ಎಂದು ಕೂಗಬೇಕು, ಬಾಯಿ ಬರುವುದಿಲ್ಲ. ಇಳಿಯಬೇಕು, ಕಾಲು ಏಳುವುದಿಲ್ಲ. ಅಮ್ಮಮ್ಮ ಚಿಕ್ಕದಾಗುತ್ತ ಹೋಗುತ್ತಾಳೆ.

ಕೆಳಗೆ ಇನ್ನೊಂದು ಸಾಲು: 'ಇದು ಪೂರ್ತಿ ಕನಸಲ್ಲ.'

ಮೇ ತಿಂಗಳಲ್ಲಿ ಅವರು ಹೊರಟ ದಿನ ಹಲಸಿನ ಹಪ್ಪಳದ ಕಟ್ಟು ಮನೆಯಲ್ಲೇ ಉಳಿದುಹೋಗಿತ್ತು. ಅಮ್ಮಮ್ಮ ಅದನ್ನು ಹಿಡಿದು ಒಳದಾರಿಯಿಂದ ಪೇಟೆಗೆ ಓಡಿದ್ದಳು. ಬಸ್ಸು ಹೊರಟಾಗಿತ್ತು. ಹುಡುಗಿ ಕಿಟಕಿಯಿಂದ ನೋಡಿದ್ದಳು, ಯಾರಿಗೂ ಹೇಳಿರಲಿಲ್ಲ. "ಬಸ್ ಫುಲ್ ಇತ್ತು ಅಜ್ಜಯ್ಯ. ಇಳಿದಿದ್ರೆ ಕಿಟಕಿ ಸೀಟ್ ಹೋಗ್ತಿತ್ತು." ಇಷ್ಟು ಹೇಳಿ ಅವಳು ಅತ್ತ ಹಾಗೆ ಅಮ್ಮಮ್ಮ ಹೋದಾಗಲೂ ಅತ್ತಿರಲಿಲ್ಲ.

ನನಗೆ ಆ ದಿನದ ಉಳಿದರ್ಧ ಗೊತ್ತಿತ್ತು. ನನ್ನವಳು ಒದ್ದೆಯಾಗಿ ಮನೆಗೆ ಬಂದು, ಹಪ್ಪಳವನ್ನು ಮತ್ತೆ ಡಬ್ಬಿಗೆ ಹಾಕುತ್ತ, "ಬಸ್ಸಿನವ ನನ್ನ ಕಂಡ್ರೂ ಕಾಣ್ದಾಂಗೆ ಹೋದ ಕಾಣಿ. ಅಡ್ಡಿಲ್ಲ, ಮುಂದಿನ್ ಸಲಕೆ ಆಯ್ತ್" ಎಂದು ನಕ್ಕಿದ್ದಳು. ಅವಳು ಬೈದದ್ದು ಬಸ್ಸಿನವನನ್ನು. ನಾನು ಇದನ್ನು ಹೇಳಿದೆ. ಹುಡುಗಿ ನಂಬಿದಳೋ ಇಲ್ಲವೋ ತಿಳಿಯದು. "ಡಬ್ಬಿಯಲ್ಲಿ ಇನ್ನೂ ಇದೆಯಾ?" ಎಂದು ಮಾತ್ರ ಕೇಳಿದಳು. ಇತ್ತು. ಸಂಜೆ ಮಗಳು ತೆಂಗಿನೆಣ್ಣೆಯಲ್ಲಿ ಕರಿದಳು. ಸ್ವಲ್ಪ ಮೆತ್ತಗಾಗಿದ್ದರೂ ಮೂವರೂ ಒಂದೂ ಬಿಡದೆ ತಿಂದೆವು.

ಪದೇ ಪದೇ ಕಾಡುವ ಕನಸನ್ನು ಬರೆದು, ಅದರ ಕೊನೆಯನ್ನು ನಮಗೆ ಬೇಕಾದಂತೆ ಬದಲಿಸಿ, ಹಗಲಿನಲ್ಲಿ ಕೆಲವು ನಿಮಿಷ ಅದನ್ನೇ ಮನಸ್ಸಿನಲ್ಲಿ ನಡೆಸಿ ನೋಡಬೇಕೆಂದು ಮನೋವೈದ್ಯರು ಹೇಳಿಕೊಡುವುದುಂಟು. ನಾವೂ ಮಾಡಿದೆವು. ಅವಳು ಬರೆದ ಹೊಸ ಕೊನೆಯಲ್ಲಿ ಕಂಡಕ್ಟರ್ ಸೀಟಿ ಊದುತ್ತಾನೆ, ಬಸ್ಸು ನಿಲ್ಲುತ್ತದೆ, ಅಮ್ಮಮ್ಮ ಹತ್ತಿ ಕಿಟಕಿ ಸೀಟಿನಲ್ಲಿ ಕೂರುತ್ತಾಳೆ. ಕನಸು ಅಷ್ಟಕ್ಕೇ ನಿಂತಿತೆಂದರೆ ಸುಳ್ಳಾಗುತ್ತದೆ. ಆ ರಜೆಯಲ್ಲೇ ಮತ್ತೆ ಎರಡು ಸಲ ಬಿತ್ತು. ಆದರೆ ಎದ್ದ ಮೇಲೆ ಅವಳು ಲೈಟ್ ಹಾಕಿ ಬರೆದು ಮಲಗುತ್ತಿದ್ದಳು. ಡಿಸೆಂಬರಿನಲ್ಲಿ ಫೋನ್ ಮಾಡಿ, ಈಗ ಬಸ್ಸಿನ ಕನಸಿನಲ್ಲಿ ಮಳೆ ಇಲ್ಲ ಎಂದಳು.

ನನ್ನ ಪುಸ್ತಕ ಅರವತ್ತೊಂದನೆಯ ಪುಟದಲ್ಲಿದೆ. ಅದರಲ್ಲಿ ಶಾಲೆ ಬಹಳ ಸಲ ಬಂದಿದೆ, ಹೊಳೆ ಬಂದಿದೆ, ಎಂದೋ ಮಾರಿದ ಎತ್ತು ಕೂಡ ಬಂದಿದೆ. ಅವಳು ಬಂದಿರಲಿಲ್ಲ. ಕಳೆದ ತಿಂಗಳು, ಮೊದಲ ಮಳೆಯ ರಾತ್ರಿ ಬಂದಳು. ಅಡಿಗೆಮನೆಯ ಬಾಗಿಲಲ್ಲಿ ನಿಂತು ಏನೋ ಹೇಳಿದಳು. ಎಚ್ಚರವಾದಾಗ ಕಣ್ಣು ತೆರೆಯಲಿಲ್ಲ, ಮಗ್ಗುಲು ಬದಲಿಸಲಿಲ್ಲ. ಕತ್ತಲೆಯಲ್ಲಿಯೇ ದಾರ ಎಳೆದು ಬರೆದೆ: 'ಚಾ ತಣ್ದ್ ಹೋಯ್ತ್ ಕಾಣಿ, ಎಲ್ಲಿಗ್ ಹೋಯಿದ್ರಿ ನೀವ್?'

ಆ ಭಾನುವಾರ ಮೊಮ್ಮಗಳಿಗೆ ಫೋನಿನಲ್ಲಿ ಓದಿ ಹೇಳಿದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು.

"ತಪ್ಪಿದೆ ಅಜ್ಜಯ್ಯ."

"ಎಂತ ತಪ್ಪು?"

"ಅಮ್ಮಮ್ಮ ನಿಮ್ಮನ್ನ ಕರೀಬೇಕಾದ್ರೆ ಮೊದಲು 'ಹ್ವಾಯ್' ಅಂತಿದ್ರು. ಅದನ್ನ ಬಿಟ್ಟಿದ್ದೀರಿ."

ಕನಸಿನಲ್ಲಿ ಅವಳು ಹಾಗೆ ಕರೆದಳೋ ಇಲ್ಲವೋ ನನಗೆ ಖಾತ್ರಿಯಿಲ್ಲ. ಆದರೂ ಪೆನ್ಸಿಲ್ ತೆಗೆದುಕೊಂಡು ಸಾಲಿನ ಮೊದಲಿಗೆ ಸೇರಿಸಿದೆ.